ಅಕ್ಕನ ಮನೆ ಎತ್ತಿದ್ದು

ಮನೆ ಎತ್ತುವ ಮೇಸ್ತ್ರಿ ಊರಿಗೆ ಬಂದದ್ದು ಲಾರಿಯಲ್ಲಿ. ಡ್ರೈವರನ ಪಕ್ಕದ ಸೀಟಿನಲ್ಲಿ ಅವನು. ಹಿಂದೆ ಜಾಕಿಗಳ ರಾಶಿ, ಕಬ್ಬಿಣದ ತೊಲೆಗಳು, ಅವುಗಳ ಮೇಲೆ ಕಾಲು ಚಾಚಿ ಕೂತ ಅವನ ಆಳುಗಳು. ಸುಮಾರು ಮೂವತ್ತು ವರ್ಷದ ಹಿಂದೆ ಊರು ಬಿಟ್ಟದ್ದೂ ಲಾರಿಯಲ್ಲೇ. ಆಗ ಹಿಂದೆ ಮೂಟೆಗಳ ಸಂದಿಯಲ್ಲಿ ಮುದುಡಿಕೊಂಡು ಹೋಗಿದ್ದ. ಮುಂದೆ ಕೂರಿಸಿಕೊಳ್ಳುವಷ್ಟು ಬೆಲೆಯನ್ನು ಅವನಿಗೆ ಯಾರೂ ಕೊಟ್ಟಿರಲಿಲ್ಲ. ಈಗ ಬೀದಿಯ ತಿರುವಿನಲ್ಲಿ "ಇಲ್ಲಿ ಎಡಕ್ಕೆ ತಗೋ" ಎನ್ನುವಾಗ ಅವನ ದನಿಯಲ್ಲಿ ಒಂದಿಷ್ಟು ಜಂಬವಿತ್ತು. ಇರಲಿ ಬಿಡಿ. ಇಷ್ಟು ವರ್ಷ ಕಾದವನಿಗೆ ಅಷ್ಟು ಸಲ್ಲಬೇಕಾದದ್ದೇ.

ಮನೆ ಎತ್ತುವುದು ಎಂದರೆ ಮಾತಿಗೆ ಹೇಳುವುದಲ್ಲ, ನಿಜವಾಗಿಯೂ ಎತ್ತುವುದು. ರಸ್ತೆಗೆ ಡಾಂಬರಿನ ಮೇಲೆ ಡಾಂಬರು ಹಾಕುತ್ತಲೇ ಹೋಗುತ್ತಾರೆ, ಹಳೆಯದನ್ನು ಕೆತ್ತಿ ತೆಗೆಯುವ ಗೋಜಿಗೆ ಯಾರೂ ಹೋಗುವುದಿಲ್ಲ. ರಸ್ತೆ ಬೆಳೆಯುತ್ತದೆ, ಮನೆ ಬೆಳೆಯುವುದಿಲ್ಲ. ಮೆಟ್ಟಿಲು ಹತ್ತಿ ಹೋಗುತ್ತಿದ್ದ ಮನೆಗೆ ಒಂದು ದಿನ ಇಳಿದು ಹೋಗಬೇಕಾಗುತ್ತದೆ. ಜೋರು ಮಳೆ ಬಂದರೆ ಬೀದಿಯ ನೀರು ಹೇಳದೆ ಕೇಳದೆ ಒಳಗೆ ಬಂದು ಕೂರುತ್ತದೆ. ಆಗ ಮೇಸ್ತ್ರಿಯನ್ನು ಕರೆಸುತ್ತಾರೆ. ಅವನು ಗೋಡೆಗಳ ಬುಡವನ್ನು ಸ್ವಲ್ಪ ಸ್ವಲ್ಪವೇ ಬಿಡಿಸಿ, ಅಡಿಗೆ ತೊಲೆ ಕೊಟ್ಟು, ತೊಲೆಯ ಕೆಳಗೆ ಸಾಲಾಗಿ ಜಾಕಿ ನಿಲ್ಲಿಸುತ್ತಾನೆ. ಎಲ್ಲ ಜಾಕಿಗಳೂ ಒಟ್ಟಿಗೆ ತಿರುಗಬೇಕು, ಒಂದೇ ಅಳತೆಯಲ್ಲಿ ತಿರುಗಬೇಕು. ಒಂದು ಮೂಲೆ ಆತುರಪಟ್ಟರೂ ಗೋಡೆ ಬಾಯಿ ಬಿಡುತ್ತದೆ.

ಅದಕ್ಕೇ ಅವನ ಕೊರಳಲ್ಲಿ ಸದಾ ಒಂದು ಸೀಟಿ. ಸೀಟಿ ಊದಿದರೆ ಪ್ರತಿಯೊಬ್ಬನೂ ತನ್ನ ಜಾಕಿಯನ್ನು ಕಾಲು ಸುತ್ತು ತಿರುಗಿಸಬೇಕು. ತಲೆ ಎತ್ತಿ ನೋಡಬಾರದು, ಪಕ್ಕದವನನ್ನು ಕೇಳಬಾರದು, ಯೋಚನೆ ಮಾಡಬಾರದು. ಯೋಚನೆ ಮಾಡುವುದಕ್ಕೆ ನಾನಿದ್ದೇನೆ, ನೀವು ಕಿವಿ ಕೊಡಿ ಸಾಕು ಎನ್ನುತ್ತಿದ್ದ. ಇನ್ನೊಂದು ನಿಯಮ, ಕೆಲಸ ನಡೆಯುವಾಗ ಮನೆಯೊಳಗೆ ಒಂದು ನರಪಿಳ್ಳೆಯೂ ಇರಕೂಡದು. ಯಜಮಾನ ಎಂಥ ದೊಡ್ಡ ಮನುಷ್ಯನಾದರೂ ಸರಿ, ಹೊರಗೆ ಬಂದು ನಿಲ್ಲಬೇಕು. ಊರೂರು ಅಲೆದು ಇಷ್ಟೊಂದು ಮನೆಗಳನ್ನು ಎತ್ತಿದ್ದರೂ ಈ ಎರಡು ನಿಯಮ ಮುರಿದದ್ದಿಲ್ಲ.

ಆದರೆ ಮೇಸ್ತ್ರಿ ಎಂಬ ಮರ್ಯಾದೆಯ ಹೆಸರು ಹೊರಗಿನ ಊರುಗಳದ್ದು. ಹುಟ್ಟಿದ ಊರಿನಲ್ಲಿ ಅವನ ಹೆಸರು ಅರೆಬರೆ. ಈ ಹೆಸರನ್ನು ಅವನು ಪುಕ್ಕಟೆ ಗಳಿಸಿದವನಲ್ಲ, ಚೆನ್ನಾಗಿ ದುಡಿದೇ ಗಳಿಸಿದ್ದ. ಅಪ್ಪ ಅಮ್ಮ ಬೇಗ ತೀರಿಕೊಂಡದ್ದರಿಂದ ಅವನನ್ನು ಸಾಕಿದವಳು ಅಕ್ಕ. ಬೀದಿಗೆ ತೆರೆದ ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡು ಶಾಲೆ ಮಕ್ಕಳ ಅಂಗಿ ಚಡ್ಡಿ ಹೊಲಿಯುತ್ತಿದ್ದಳು. ಅವಳ ಹತ್ತಿರ ಹೊಲಿಗೆ ಕಲಿಯಲು ಕೂತವನು ಒಂದು ತೋಳು ಹಚ್ಚಿ ಇನ್ನೊಂದನ್ನು ನಾಳೆಗೆ ಎಂದು ಎದ್ದು ಹೋದ. ಆ ನಾಳೆ ಬರಲೇ ಇಲ್ಲ. ಸೈಕಲ್ ಅಂಗಡಿಗೆ ಸೇರಿ ಒಂದು ಸೈಕಲನ್ನು ಪೂರ್ತಿ ಬಿಚ್ಚಿದ, ಜೋಡಿಸುವ ಹೊತ್ತಿಗೆ ಬೇಜಾರು ಬಂತು. ಕೊನೆಗೆ ಎದುರು ಮನೆಯ ಕ್ಷೌರಿಕ, ಆಗಷ್ಟೇ ಸ್ವಂತ ಅಂಗಡಿ ತೆರೆದಿದ್ದವನು, ಅಕ್ಕನ ಮುಖ ನೋಡಿ ಕೆಲಸಕ್ಕೆ ಇಟ್ಟುಕೊಂಡ.

ಅಲ್ಲಿ ನಡೆದದ್ದನ್ನು ಬೀದಿ ಇವತ್ತಿಗೂ ಮರೆತಿಲ್ಲ. ಕುರ್ಚಿಯಲ್ಲಿ ಗಿರಾಕಿ, ಒಂದು ಕೆನ್ನೆ ನುಣ್ಣಗಾಗಿದೆ, ಇನ್ನೊಂದರ ಮೇಲೆ ಸೋಪಿನ ನೊರೆ. ಅಷ್ಟರಲ್ಲಿ ಹೊರಗೆ ಸರಕು ತುಂಬಿದ ಲಾರಿಯೊಂದರ ಗಾಲಿ ಚರಂಡಿಗೆ ಇಳಿಯಿತು. ಇವನು ಕತ್ತಿ ಹಿಡಿದುಕೊಂಡೇ ನೋಡಲು ಹೋದ. ಕಡ್ಡಿಯಂಥ ಕ್ಲೀನರ್ ಒಬ್ಬ ಅಡಿಗೆ ಜಾಕಿ ಇಟ್ಟು, ಸಲಾಕಿಯನ್ನು ಸುಮ್ಮನೆ ತಿರುಗಿಸುತ್ತಿದ್ದ. ಬೀದಿಯ ಗಂಡಸರೆಲ್ಲ ಸೇರಿ ತಳ್ಳಿದರೂ ಮಿಸುಕದ ಲಾರಿ, ಸರಕಿನ ಸಮೇತ, ಮೆಲ್ಲಗೆ ಮೇಲೆ ಬಂತು. ಅವನಿಗೆ ಗಿರಾಕಿಯೂ ನೆನಪಾಗಲಿಲ್ಲ, ಮನೆಯೂ ನೆನಪಾಗಲಿಲ್ಲ. ಗಿರಾಕಿ ಅರ್ಧ ಮುಖದಲ್ಲೇ ಬೀದಿಯೆಲ್ಲ ಹುಡುಕಾಡಿ ಬೈದ. ಅದೇ ಸಂಜೆ ಅವನು ಅಕ್ಕನಿಗೆ ಹೇಳಿ ಆ ಲಾರಿ ಹತ್ತಿದ.

"ಹೋಗು. ಆದ್ರೆ ಇದನ್ನ ನಡುವೆ ಬಿಟ್ಟು ಬಂದ್ರೆ ಮನೆಗೆ ಸೇರ್ಸಲ್ಲ" ಎಂದಿದ್ದಳು ಅಕ್ಕ. ಹೇಳಿದವಳೇ ಒಳಗೆ ಹೋಗಿ ಅತ್ತಳಂತೆ. ಇದು ಅವನಿಗೆ ತಿಳಿದದ್ದು ಎಷ್ಟೋ ವರ್ಷದ ಮೇಲೆ, ಭಾವ ಬಾಯಿ ಬಿಟ್ಟಾಗ.

ಅಂದಿನಿಂದ ಅಕ್ಕನಿಗೆ ಬೀದಿಯ ಜೊತೆ ಒಂದು ಮುಗಿಯದ ವಾದ. ಬಟ್ಟೆ ಕೊಡಲು ಬಂದವರು "ನಿಮ್ಮ ಅರೆಬರೆ ಈಗ ಏನನ್ನ ಅರ್ಧಕ್ಕೆ ಬಿಟ್ಟಿದಾನೆ" ಎಂದು ನಗುತ್ತಿದ್ದರು. ಅಕ್ಕ ಯಂತ್ರ ನಿಲ್ಲಿಸದೆಯೇ "ನೋಡ್ತಿರಿ, ಅವನು ಹಿಡಿದದ್ದನ್ನ ಮುಗಿಸ್ತಾನೆ" ಎನ್ನುತ್ತಿದ್ದಳು. ಭಾವನ ಜೊತೆ ಬಸ್ಸು ಹತ್ತಿ, ಅವನು ಕೆಲಸ ಮಾಡುವ ಊರುಗಳಿಗೆ ಹೋಗಿ, ಎತ್ತಿ ನಿಲ್ಲಿಸಿದ ಮನೆಗಳ ಸುತ್ತ ಒಂದು ಸುತ್ತು ಹಾಕಿ ಬರುತ್ತಿದ್ದಳು. ವಾಪಸು ಬಂದು ಬೀದಿಗೆಲ್ಲ ವರದಿ ಒಪ್ಪಿಸುತ್ತಿದ್ದಳು. ಬೀದಿ ನಂಬಲಿಲ್ಲ. ಮನೆ ಎತ್ತುತ್ತಾನಂತೆ, ಎತ್ತಿ ಎಲ್ಲಿಡುತ್ತಾನಂತೆ ಎಂದು ಕ್ಷೌರದ ಅಂಗಡಿಯಲ್ಲಿ ನಗೆಯೋ ನಗೆ. ಅವನೂ ಬರಲಿಲ್ಲ. ಬಂದರೆ ತೋರಿಸಲು ಏನಾದರೂ ಇರಬೇಕು ಎನ್ನುವುದು ಅವನ ಹಟ. ಆದರೆ ತೋರಿಸಬೇಕಾದದ್ದೆಲ್ಲ ಮನೆಗಳು, ಅವನ್ನು ಚೀಲದಲ್ಲಿ ಹಾಕಿಕೊಂಡು ಬರಲಾಗುವುದಿಲ್ಲ. ಹೀಗೆ ವರ್ಷಗಳು ಹೋದವು.

ಕೊನೆಗೆ ಭಾವನ ಫೋನು ಬಂತು. ಭಾವ ಬಸ್ ನಿಲ್ದಾಣದಲ್ಲಿ ಬಸ್ಸುಗಳ ಹೊತ್ತು ಕೂಗಿ ಹೇಳುವ ಕೆಲಸದಲ್ಲಿದ್ದು ನಿವೃತ್ತರಾದವರು. ಮನೆಯಲ್ಲೂ ಹಾಗೇ ಮಾತಾಡುತ್ತಾರೆ.

"ನೀರು ಹೊಲಿಗೆ ಯಂತ್ರದ ಪೆಡಲ್ ತನಕ ಬಂದಿದೆ. ಮನೆ ಕೆಡವಿ ಕಟ್ಟಿಸಿ ಅಂತ ಎಲ್ಲರೂ ಹೇಳ್ತಿದಾರೆ. ನಿನ್ನ ಅಕ್ಕ, ನನ್ನ ತಮ್ಮ ಬರ್ತಾನೆ ಅಂತ ಬೀದಿಗೆಲ್ಲ ಹೇಳಿಬಿಟ್ಟಿದಾಳೆ. ನೀನು ಬರ್ತಿದೀಯೋ ಇಲ್ವೋ ಅಷ್ಟು ಹೇಳು, ನಾನು ಫೋನು ಇಡ್ತೀನಿ."

"ಬರ್ತಿದೀನಿ ಭಾವ."

ಲಾರಿ ನಿಂತಾಗ ಅಕ್ಕ ಬಾಗಿಲಲ್ಲಿದ್ದಳು. ಬಾಗಿಲು ರಸ್ತೆಗಿಂತ ಎಷ್ಟು ಕೆಳಗಿತ್ತೆಂದರೆ, ರಸ್ತೆಯ ಮೇಲೆ ನಿಂತ ಅವನ ಎದೆಯ ಮಟ್ಟಕ್ಕೆ ಅವಳ ತಲೆ ಬರುತ್ತಿತ್ತು. ಅವನನ್ನು ಸೊಂಟದ ಮೇಲೆ ಹೊತ್ತು ತಿರುಗಿದವಳು ಈಗ ಕತ್ತೆತ್ತಿ ನೋಡಬೇಕಾಗಿತ್ತು. ಅವನಿಗೆ ಅದನ್ನು ನೋಡಲಾಗಲಿಲ್ಲ. ಇಳಿದು ಹೋಗಿ ಅವಳ ಕಾಲು ಮುಟ್ಟಿದ.

"ಸಣ್ಣಗಾಗಿದೀಯ" ಎಂದಳು ಅಕ್ಕ. ಅವನು ಅಡ್ಡಡ್ಡ ಬೆಳೆದಿದ್ದ, ಅಂಗಿಯ ಗುಂಡಿ ಹಾಕಲು ಕಷ್ಟಪಡುತ್ತಿದ್ದ. ಅಕ್ಕಂದಿರ ಕಣ್ಣಿಗೆ ಅದೆಲ್ಲ ಕಾಣುವುದಿಲ್ಲ.

ಎದುರಿನ ಅಂಗಡಿಯಿಂದ ಕ್ಷೌರಿಕ ಬಾಚಣಿಗೆ ಹಿಡಿದುಕೊಂಡೇ ಹೊರಗೆ ಬಂದ. ತಲೆ ಪೂರಾ ಬೆಳ್ಳಗಾಗಿತ್ತು, ನಾಲಿಗೆ ಮಾತ್ರ ಹಾಗೇ ಇತ್ತು.

"ಏನಪ್ಪಾ ಅರೆಬರೆ, ಮನೆ ಎತ್ತೋಕೆ ಬಂದ್ಯಂತೆ. ಎತ್ತೋದು ಸರಿ, ನಡುವೆ ಎಲ್ಲಾದ್ರೂ ಲಾರಿ ಚರಂಡಿಗೆ ಬಿದ್ರೆ ಅಲ್ಲೇ ಬಿಟ್ಟು ಓಡ್ಬೇಡ."

ಆಳುಗಳು ಮುಖ ಮುಖ ನೋಡಿಕೊಂಡರು. ಅವರ ಮೇಸ್ತ್ರಿಯನ್ನು ಯಾರೂ ಹಾಗೆ ಕರೆದದ್ದನ್ನು ಅವರು ಕೇಳಿರಲಿಲ್ಲ. ಮೇಸ್ತ್ರಿ ನಕ್ಕ. ಆದರೆ ಮನಸ್ಸಿನಲ್ಲಿ ಒಂದು ಮಾತು ಗಟ್ಟಿಯಾಗಿ ಕೂತಿತು. ಬೇರೆ ಊರುಗಳಲ್ಲಿ ಒಂದೊಂದು ಸಣ್ಣ ಬಿರುಕು ಬಿಟ್ಟದ್ದುಂಟು, ಗಾರೆ ಬಳಿದು ಬಂದದ್ದುಂಟು. ಈ ಮನೆಯಲ್ಲಿ ಕೂದಲೆಳೆಯಷ್ಟು ಗೆರೆಯೂ ಬೀಳಕೂಡದು. ಮೂವತ್ತು ವರ್ಷ ಬೀದಿಯ ಎದುರು ಅಕ್ಕ ಆಡಿದ ಮಾತು ಪೂರ್ತಿ ನಿಜವಾಗಬೇಕು, ಅರ್ಧ ಅಲ್ಲ.

ಬುಡ ಬಿಡಿಸಿ ತೊಲೆ ಕೊಡುವುದಕ್ಕೇ ಬಹಳ ದಿನ ಹಿಡಿಯಿತು. ಆಮೇಲೆ ಎತ್ತುವ ಕೆಲಸ ಶುರುವಾಯಿತು. ನಾಲ್ಕೂ ಗೋಡೆಯ ಬುಡದಲ್ಲಿ ಆಳುಗಳು ಕುಕ್ಕರುಗಾಲಲ್ಲಿ ಕೂತರು, ಮೇಸ್ತ್ರಿ ಮುಂದಿನ ಮೂಲೆಯಲ್ಲಿ ನಿಂತು ಸೀಟಿ ಊದಿದ. ಹೊರಗಿನಿಂದ ನೋಡಿದವರಿಗೆ ಏನೂ ಆದಂತೆ ಕಾಣಲಿಲ್ಲ. ಬೀದಿಯವರು ಗಂಟೆಗಟ್ಟಲೆ ಬಾಯಿ ತೆರೆದುಕೊಂಡು ನಿಂತು, ಏನೂ ಆಗ್ತಿಲ್ವಲ್ಲ ಎಂದು ಊಟಕ್ಕೆ ಹೋಗಿ ಬರುವಷ್ಟರಲ್ಲಿ ಹೊಸಿಲು ಮೇಲೆ ಬಂದಿರುತ್ತಿತ್ತು. ಎತ್ತಿದಷ್ಟಕ್ಕೂ ಕೆಳಗೆ ಇಟ್ಟಿಗೆ ಕಟ್ಟುತ್ತ, ಮತ್ತೆ ಎತ್ತುತ್ತ, ಮನೆ ರಸ್ತೆಯ ಮಟ್ಟಕ್ಕೆ ಬಂತು, ರಸ್ತೆಯನ್ನು ದಾಟಿ ಮೇಲೂ ಹೋಯಿತು. ಗೋಡೆಗಳಲ್ಲಿ ಒಂದು ಗೆರೆ ಇರಲಿಲ್ಲ. ಕ್ಷೌರಿಕ ಅರೆಬರೆ ಎನ್ನುವುದನ್ನು ಬಿಟ್ಟು "ಏನಪ್ಪಾ" ಎಂದಷ್ಟೇ ಕರೆಯಲು ಶುರುಮಾಡಿದ. ಮೇಸ್ತ್ರಿ ಅದನ್ನು ಗಮನಿಸಿದ. ಗಮನಿಸಿದ್ದು ಯಾರಿಗೂ ಗೊತ್ತಾಗದಂತೆ ನೋಡಿಕೊಂಡ.

ಆ ದಿನಗಳಲ್ಲಿ ಅಕ್ಕ ಭಾವ ಇಬ್ಬರೂ ಹಗಲು ಹೊರಗೆ. ಭಾವ ಗೋಡೆ ಗಡಿಯಾರವನ್ನು ತೊಡೆಯ ಮೇಲೆ ಇಟ್ಟುಕೊಂಡು ಮರದ ಕೆಳಗೆ ಕುರ್ಚಿ ಹಾಕಿಕೊಂಡಿದ್ದರು. ಕೇಳಿದವರಿಗೆಲ್ಲ "ನಂಬಿಕೆ ಬೇರೆ, ಪ್ರಾಣ ಬೇರೆ. ಎರಡನ್ನೂ ಒಂದೇ ಬಸ್ಸಲ್ಲಿ ಕಳ್ಸಬಾರ್ದು" ಎನ್ನುತ್ತಿದ್ದರು. ಅಕ್ಕ ಕ್ಷೌರದ ಅಂಗಡಿಯ ಬೆಂಚಿನ ಮೇಲೆ ಕೂತು ಗುಂಡಿ ಹಚ್ಚುತ್ತಿದ್ದಳು. ಮನೆಯ ಗ್ಯಾಸ್ ಸಿಲಿಂಡರನ್ನು ಮೇಸ್ತ್ರಿ ಮೊದಲ ದಿನವೇ ಪಕ್ಕದ ಮನೆಗೆ ಸಾಗಿಸಿದ್ದ.

ಎತ್ತುವ ಕೆಲಸದ ಕೊನೆಯ ದಿನ ಬಂತು. ಇನ್ನೊಂದು ಇಟ್ಟಿಗೆಯ ದಪ್ಪದಷ್ಟು ಎತ್ತಿದರೆ ಮುಗಿಯಿತು. ಬೀದಿಗೆ ಬೀದಿಯೇ ನೆರೆದಿತ್ತು. ಆ ಬೆಳಿಗ್ಗೆ ಬೆಂಚಿನ ಹತ್ತಿರ ನಡೆದದ್ದು ಮೇಸ್ತ್ರಿಗೆ ಆಗ ತಿಳಿಯಲಿಲ್ಲ, ಆಮೇಲೆ ಭಾವ ಹೇಳಿದ್ದು. ಕ್ಷೌರಿಕ ಒಬ್ಬನ ತಲೆಗೆ ಕತ್ತರಿ ಆಡಿಸುತ್ತ, ಸುಮ್ಮನೆ ಇರಲಾರದೆ ಹೇಳಿದನಂತೆ:

"ಅಕ್ಕಾವ್ರೇ, ಇಷ್ಟು ವರ್ಷ ತಮ್ಮ ತಮ್ಮ ಅಂತ ನಮ್ಮ ಕಿವಿ ತೂತು ಮಾಡಿದ್ರಿ. ಈಗ ನೋಡಿದ್ರೆ ನೀವೂ ನಮ್ಮ ಜೊತೆ ಇಲ್ಲೇ ಕೂತಿದೀರ. ನಿಮಗೇ ಧೈರ್ಯ ಇಲ್ಲ ಅಂದ್ಮೇಲೆ ನಾವು ಹೇಗೆ ನಂಬೋದು ಹೇಳಿ."

ಅವನು ತಮಾಷೆಗೆ ಆಡಿದ ಮಾತು. ಅಕ್ಕ ಅದನ್ನು ತಮಾಷೆಯಾಗಿ ತೆಗೆದುಕೊಳ್ಳಲಿಲ್ಲ. ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟು ಎದ್ದಳು. ಮುಂದಿನಿಂದ ಹೋದರೆ ತಮ್ಮ ತಡೆಯುತ್ತಾನೆಂದು ಪಕ್ಕದ ಓಣಿಯಿಂದ ಸುತ್ತಿ ಬಂದು, ಆಳುಗಳು ಬೀಡಿ ಸೇದಲು ಎದ್ದಿದ್ದ ಹೊತ್ತು ನೋಡಿ ಹಿತ್ತಿಲ ಬಾಗಿಲಿನಿಂದ ಒಳಗೆ ಸೇರಿಕೊಂಡಳು. ಸುಮ್ಮನೆ ಒಳಗೆ ಕೂತರೆ ಬೀದಿಗೆ ಗೊತ್ತಾಗುವುದು ಹೇಗೆ? ಅಟ್ಟದ ಮೇಲಿದ್ದ ಹಳೆಯ ಸೀಮೆಎಣ್ಣೆ ಸ್ಟೋವ್ ಇಳಿಸಿ, ಪಂಪು ಹೊಡೆದು ಹಚ್ಚಿ, ಆಳುಗಳಿಗೆಲ್ಲ ಆಗುವಷ್ಟು ಬೇಳೆ ಕುಕ್ಕರಿಗೆ ಹಾಕಿ ಮುಚ್ಚಿದಳು. ಮನೆ ಮೇಲೇಳುತ್ತಿರುವಾಗಲೇ ಬೆಂದ ಅಡುಗೆಯನ್ನು ಹೊತ್ತು ಮುಂದಿನ ಬಾಗಿಲಿನಿಂದ ಹೊರಗೆ ಬಂದು ಕ್ಷೌರಿಕನ ಬಾಯಿ ಮುಚ್ಚಿಸುವುದು ಅವಳ ಲೆಕ್ಕಾಚಾರ.

ಮೇಸ್ತ್ರಿ ಗೋಡೆ ಸಮವಾಗಿದೆಯೇ ಎಂದು ರಸಮಟ್ಟದ ಗುಳ್ಳೆ ನೋಡಿ, ಸೀಟಿಯನ್ನು ಬಾಯಿಗಿಟ್ಟು ಊದಿದ. ನಾಲ್ಕೂ ಕಡೆ ಜಾಕಿ ತಿರುಗಿತು. ಮತ್ತೆ ಊದಿದ, ಮತ್ತೆ ತಿರುಗಿತು. ಮೂರನೆಯದಕ್ಕೆ ಮುಂಚೆ ಮುಂದಿನ ಮೂಲೆಯ ಇಟ್ಟಿಗೆ ನೋಡಲು ಬಗ್ಗಿದ.

ಅಷ್ಟರಲ್ಲಿ ಕುಕ್ಕರ್ ಸೀಟಿ ಹೊಡೆಯಿತು.

ಹಿತ್ತಿಲ ಕಡೆ, ಅಡುಗೆಮನೆಯ ಗೋಡೆಯ ಬುಡದಲ್ಲಿ ಕೂತ ಆಳುಗಳು ತಲೆ ಎತ್ತಲಿಲ್ಲ. ಸೀಟಿ ಕೇಳಿತು, ಕಾಲು ಸುತ್ತು ತಿರುಗಿಸಿದರು. ಕುಕ್ಕರ್ ಇನ್ನೊಮ್ಮೆ ಕೂಗಿತು, ಇನ್ನೊಮ್ಮೆ ತಿರುಗಿಸಿದರು. ಮುಂದಿನ ಕಡೆಯವರಿಗೆ ಬೀದಿಯ ಗದ್ದಲದಲ್ಲಿ ಏನೂ ಕೇಳಿಸಲಿಲ್ಲ. ಮೇಸ್ತ್ರಿಗೆ ಕೇಳಿಸಿದ್ದು ಕುಕ್ಕರ್ ಅಲ್ಲ, ಹಿಂದಿನಿಂದ ಬಂದ ಟಿಕ್ ಎಂಬ ಸಣ್ಣ ಸದ್ದು. ಗೋಡೆ ನೋಯುವಾಗ ಮಾಡುವ ಸದ್ದು ಅದು.

"ಕೈ ಬಿಡಿ. ಎಲ್ಲರೂ ಜಾಕಿ ಬಿಡಿ" ಎಂದು ಕೂಗುತ್ತ ಓಡಿದ.

ಹಿತ್ತಿಲ ಕಡೆಯ ಆಳು ಸಲಾಕಿ ಹಿಡಿದು ಪಿಳಿಪಿಳಿ ನೋಡಿದ. "ನೀವೇ ಊದಿದ್ರಲ್ಲ ಮೇಸ್ತ್ರಿ, ಮತ್ತೆ ಎರಡು ಸಲ."

ಆ ಮಾತು ಮುಗಿಯುವಷ್ಟರಲ್ಲಿ ಗೋಡೆಯ ಆಚೆಯಿಂದ ಕುಕ್ಕರ್ ಮೂರನೇ ಸಲ ಕೂಗಿತು. ಪಾಪ, ಆ ಆಳಿನ ಕೈ ತನ್ನಷ್ಟಕ್ಕೆ ಸಲಾಕಿಯ ಕಡೆ ಹೋಯಿತು. ಮೇಸ್ತ್ರಿ ಅವನ ಮಣಿಕಟ್ಟು ಹಿಡಿದು ನಿಲ್ಲಿಸಿ, ಹಿತ್ತಿಲ ಬಾಗಿಲಿನಿಂದ ಒಳಗೆ ನುಗ್ಗಿದ.

ಅಕ್ಕ ಸ್ಟೋವ್ ಆರಿಸಿ, ಎರಡೂ ಅಂಗೈಯನ್ನು ಗೋಡೆಗೆ ಒತ್ತಿಕೊಂಡು ನಿಂತಿದ್ದಳು, ಅವಳು ಹಿಡಿದುಕೊಂಡರೆ ಮನೆ ನಿಲ್ಲುತ್ತದೆ ಎನ್ನುವಂತೆ. ಇಷ್ಟು ವರ್ಷ ಅವನು ಅಕ್ಕನಿಗೆ ಭಯವೇ ಇಲ್ಲ ಎಂದುಕೊಂಡಿದ್ದ. ಅವಳಿಗೆ ಬೇಕಾದಷ್ಟು ಭಯವಿತ್ತು. ಅದನ್ನು ಇಟ್ಟುಕೊಂಡೇ ಒಳಗೆ ಬಂದಿದ್ದಳು. ಕಿಟಕಿಯ ಮೇಲಿನ ಗೋಡೆಯಲ್ಲಿ ಬೆರಳುದ್ದದ ಗೆರೆಯೊಂದು ಬಿದ್ದಿತ್ತು.

"ಗೋಡೆಯಲ್ಲಿ ಏನೋ ಸದ್ದಾಯ್ತು ಕಣೋ. ನನ್ನಿಂದ ಆಯ್ತಾ?" ಎಂದಳು.

"ಬಾ ಅಕ್ಕ, ಹೊರಗೆ ಹೋಗೋಣ."

"ನಾನು ಬರಲ್ಲ. ಈಗ ಓಡಿ ಹೋದ್ರೆ ಏನಂತಾರೆ ಗೊತ್ತಾ? ಅಕ್ಕನೇ ನಂಬಲಿಲ್ಲ ಅಂತಾರೆ. ನಾನು ಒಳಗೇ ಇರ್ತೀನಿ, ನೀನು ಎತ್ತು."

"ನೀನು ಒಳಗಿದ್ರೆ ನನ್ನ ಕೈ ಓಡಲ್ಲ."

"ಊರವರ ಮನೆಗೆಲ್ಲ ಓಡೋ ಕೈ ನನ್ನ ಮನೆಗೆ ಯಾಕೆ ಓಡಲ್ಲ?"

ಮೇಸ್ತ್ರಿಗೆ ಸಿಟ್ಟೂ ಬಂತು, ಅಳುವೂ ಬಂತು. "ಗೋಡೆ ಬಿರುಕು ಬಿಟ್ರೆ ಗಾರೆ ಬಳಿತೀನಿ ಅಕ್ಕ. ನಿನಗೇನಾದ್ರೂ ಆದ್ರೆ ಏನು ಬಳೀಲಿ? ನೀನು ನನ್ನ ನಂಬಿದ್ದು ಸಾಕು. ಮೂವತ್ತು ವರ್ಷ ಒಬ್ಬಳೇ ನಂಬಿದೀಯ. ಇವತ್ತು ಬೀದಿಯವರೂ ಸ್ವಲ್ಪ ನಂಬ್ಲಿ, ಬಾ."

ಅಕ್ಕ ಗೋಡೆಯಿಂದ ಕೈ ತೆಗೆದಳು. ಅವನು ಅವಳನ್ನು ಹಿತ್ತಿಲಿನಿಂದ ಕರೆದೊಯ್ಯಬಹುದಿತ್ತು, ಯಾರಿಗೂ ಕಾಣುತ್ತಿರಲಿಲ್ಲ. ಕೈ ಹಿಡಿದು ಮುಂದಿನ ಬಾಗಿಲಿನಿಂದಲೇ ಹೊರಗೆ ತಂದ.

"ಒಂದು ಕಡೆ ಹೆಚ್ಚು ಎದ್ದಿದೆ. ಈಗ ಸರಿ ಮಾಡ್ತೀನಿ. ದಯವಿಟ್ಟು ಯಾರೂ ಸದ್ದು ಮಾಡ್ಬೇಡಿ" ಎಂದ, ಎಲ್ಲರಿಗೂ ಕೇಳುವಂತೆ.

ಕ್ಷೌರಿಕ ಒಳಗೆ ಹೋಗಿ ಅಂಗಡಿಯ ರೇಡಿಯೋ ಆರಿಸಿ ಬಂದ. ಭಾವ ತೊಡೆಯ ಮೇಲಿನ ಗಡಿಯಾರಕ್ಕೆ ಟವೆಲು ಸುತ್ತಿದರು, ಅದರ ಟಿಕ್‌ಟಿಕ್ಕೂ ಬೇಡವೆಂದು.

ಎದ್ದದ್ದನ್ನು ಇಳಿಸುವಂತಿರಲಿಲ್ಲ, ಇಳಿಸಲು ಹೋದರೆ ಗೋಡೆ ಇನ್ನಷ್ಟು ಸಡಿಲವಾಗುತ್ತದೆ. ಹಿಂದಿನ ಗೋಡೆಯ ಆಳುಗಳನ್ನು ಎಬ್ಬಿಸಿ ದೂರ ನಿಲ್ಲಿಸಿದ. ಮಿಕ್ಕ ಕಡೆಯವರಿಗೆ ಸೀಟಿ ಊದಲೇ ಇಲ್ಲ. ಒಬ್ಬೊಬ್ಬರ ಹತ್ತಿರ ಕೂತು, ಭುಜದ ಮೇಲೆ ಕೈಯಿಟ್ಟು, ಕೈ ಒತ್ತಿದಾಗ ಕೂದಲಷ್ಟು, ಮತ್ತೆ ಒತ್ತಿದಾಗ ಮತ್ತೆ ಕೂದಲಷ್ಟು ತಿರುಗಿಸುವಂತೆ ಮಾಡಿದ. ಒಂದು ಸುತ್ತು ಮುಗಿಸಿ ರಸಮಟ್ಟ ನೋಡಿದ, ಮತ್ತೆ ಮೊದಲಿನಿಂದ ಶುರುಮಾಡಿದ. ಬೆವರು ಕಣ್ಣಿಗೆ ಇಳಿದರೂ ಒರೆಸಿಕೊಳ್ಳಲಿಲ್ಲ. ಬಿಸಿಲು ಗೋಡೆಯಿಂದ ಇಳಿದು ರಸ್ತೆಗೆ ಬಂದರೂ ಬೀದಿಯವರು ಕದಲಲಿಲ್ಲ. ಮಟ್ಟದ ಗುಳ್ಳೆ ನಡುವಿಗೆ ಬಂದು ನಿಂತಾಗ ಅವನು ಅಲ್ಲೇ ಮಣ್ಣಿನ ಮೇಲೆ ಕೂತುಬಿಟ್ಟ. ಆಳುಗಳೇ ಮುಂದಾಗಿ ಇಟ್ಟಿಗೆ ಹಿಡಿದರು.

ಮನೆ ಮುಗಿಯಿತು. ಗಾರೆ ಒಣಗಿ, ಜಾಕಿಗಳೆಲ್ಲ ಹೊರಗೆ ಬಂದು ಲಾರಿ ಹತ್ತಿದ ದಿನ ಅಕ್ಕ ಕೊರಳಿಗೆ ಅಳತೆ ಟೇಪು ಹಾಕಿಕೊಂಡು ತಪಾಸಣೆಗೆ ಹೊರಟಳು. ಹೊಲಿಗೆ ಬಿಚ್ಚಿದೆಯೇ ಎಂದು ನೋಡುವವಳಂತೆ ಗೋಡೆಗಳ ಮೇಲೆ ಬೆರಳಾಡಿಸುತ್ತ ಹೋದಳು. ಎಷ್ಟೋ ದೊಡ್ಡ ಮನುಷ್ಯರ ಮನೆ ಎತ್ತಿದ ಮೇಸ್ತ್ರಿ ಅವಳ ಹಿಂದೆ ಕೈ ಕಟ್ಟಿಕೊಂಡು ನಡೆದ. ಅವನ ಹಿಂದೆ ಭಾವ, ಭಾವನ ಹಿಂದೆ ಅರ್ಧ ಬೀದಿ. ಮುಂದಿನ ಕೋಣೆ ಆಯಿತು, ನಡುಮನೆ ಆಯಿತು. ಅಡುಗೆಮನೆಯ ಕಿಟಕಿಯ ಹತ್ತಿರ ಬೆರಳು ನಿಂತಿತು.

"ಅದೊಂದು ಉಳಿದಿದೆ. ಗಾರೆ ಕಲಸಿಟ್ಟಿದೀನಿ, ಈಗ್ಲೇ ಬಳಿದು ಬಣ್ಣ ಹೊಡೀತೀನಿ" ಎಂದ ಮೇಸ್ತ್ರಿ, ತಗ್ಗಿದ ದನಿಯಲ್ಲಿ.

"ಮುಟ್ಟಬೇಡ."

"ಯಾಕೆ?"

"ಮುಚ್ಚಿದ್ರೆ, ಅರೆಬರೆ ಬಿರುಕು ಬಿಟ್ಟ, ಮುಚ್ಚಿಹಾಕ್ದ ಅಂತಾರೆ. ಹಾಗೇ ಇದ್ರೆ ಕೇಳ್ದೋರಿಗೆ ನಾನು ಹೇಳಬಹುದು."

"ಏನಂತ ಹೇಳ್ತೀಯ? ಸೀಟಿ ಅಂದ್ರೆ ತಿರುಗಿಸಿ ಅಂತ ಕಲ್ಸಿದ್ದು ನಾನು. ಬಿರುಕು ನಂದು."

"ಕುಕ್ಕರ್ ಯಾರದು?"

"ಅಕ್ಕ, ಕೆಲಸದ ಜಾಗದಲ್ಲಿ ಏನಾದ್ರೂ ಅದು ಮೇಸ್ತ್ರಿ ತಲೆಗೇ ಬರೋದು."

"ನೀನು ಮೇಸ್ತ್ರಿ ಆಗಿದ್ದು ಹೊರಗೆ. ಇದು ನನ್ನ ಅಡುಗೆಮನೆ."

ಇಬ್ಬರೂ ಆ ಬೆರಳುದ್ದದ ಗೆರೆಗಾಗಿ, ಆಸ್ತಿಗೆ ಜಗಳವಾಡುವವರ ಹಾಗೆ ಜಗಳವಾಡಿದರು. ಭಾವ ನಡುವೆ ಬಾಯಿ ಹಾಕಲು ಹೋಗಿ ಇಬ್ಬರಿಂದಲೂ ಬೈಸಿಕೊಂಡರು. ಅಷ್ಟರಲ್ಲಿ ಹಿಂದಿನಿಂದ ಕ್ಷೌರಿಕ ಕತ್ತು ಚಾಚಿ, ಕನ್ನಡಕ ಸರಿ ಮಾಡಿಕೊಂಡು ನೋಡಿದ.

"ಇಲ್ಲೊಂದು ಬಿರುಕು ಇದ್ದ ಹಾಗಿದೆಯಲ್ಲ ಅಕ್ಕಾವ್ರೇ."

ಅಕ್ಕ ಅವನ ಕಡೆ ತಿರುಗಿ ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಬೀದಿಯ ಕೊನೆಯ ಮನೆಗೂ ಕೇಳುವಂಥ ದನಿ ತೆಗೆದಳು.

"ಇದೆ. ಅದು ನಾನು ಬಿಟ್ಟ ಬಿರುಕು. ಮಿಕ್ಕ ಮನೆ ಪೂರ್ತಿ ನನ್ನ ತಮ್ಮ ಎತ್ತಿದ್ದು."